ಕಾಡಿನದೋ ನಾಡಿನದೋ, ಫೈಲು ನೋಡಿ ಹೇಳುತ್ತೇವೆ

ತಾಖಿ ಎಂಬ ಕುದುರೆಯ ಚಿತ್ರ ಎಲ್ಲಿ ಬಂದರೂ ಕೆಳಗೆ 'ಜಗತ್ತಿನ ಕೊನೆಯ ಕಾಡುಕುದುರೆ' ಎಂದು ಬರೆದಿರುತ್ತದೆ. ಮಂಗೋಲಿಯಾದ ಬಯಲು, ಮಾಸಲು ಹಳದಿ ಮೈ, ಬೆಳ್ಳನೆಯ ಮೂತಿ, ಬೆನ್ನುದ್ದಕ್ಕೂ ಒಂದು ಕಪ್ಪು ಗೆರೆ, ಕತ್ತಿನ ಮೇಲೆ ಸೆಟೆದು ನಿಂತ ಗಿಡ್ಡ ಕೂದಲು. ಹಣೆಯ ಮೇಲೆ ಮಾತ್ರ ಒಂದೆಳೆಯೂ ಇಳಿಬಿದ್ದಿರುವುದಿಲ್ಲ. ಚಿತ್ರದ ಕೆಳಗಿನ ಆ ಮಾತು 2018ರವರೆಗೆ ನಿಜವಾಗಿತ್ತು, 2021ರಿಂದೀಚೆಗೆ ಮತ್ತೆ ನಿಜವಾಗಿರಬಹುದು. ನಡುವಿನ ಮೂರು ವರ್ಷ ಈ ಬಡಪಾಯಿ ಕಾಡುಕುದುರೆ ಆಗಿರಲಿಲ್ಲ. ಮೇಯುತ್ತಿದ್ದ ಜಾಗ ಅದೇ, ಹುಲ್ಲು ಅದೇ. ಪದವಿ ಮಾತ್ರ ಹೋಗಿತ್ತು.

ಆದದ್ದಿಷ್ಟು. ಕಜಾಕ್‌ಸ್ತಾನದ ಬೋತಾಯ್ ಎಂಬಲ್ಲಿ ಸುಮಾರು 5,500 ವರ್ಷಗಳ ಹಿಂದೆ ಜನ ಸಾಕಿದ್ದ ಕುದುರೆಗಳ ಸಂತಾನವೇ ಇದು ಎಂದು 2018ರಲ್ಲಿ ವಂಶವಾಹಿ ಓದಿದವರು ಘೋಷಿಸಿದರು. ಅಂದರೆ ಹಟ್ಟಿ ಬಿಟ್ಟು ಓಡಿಹೋದವರ ಮೊಮ್ಮಕ್ಕಳು. ಬೋತಾಯ್ ಜನ ಕುದುರೆ ಸಾಕಿದ್ದರು ಎಂಬುದಕ್ಕೆ ದೊಡ್ಡ ಸಾಕ್ಷಿ ಒಂದು ಹಲ್ಲು. ಕೆಳದವಡೆಯ ಮುಂದವಡೆ ಹಲ್ಲಿನ ಮುಂಬದಿಯಲ್ಲಿ ಸಣ್ಣದೊಂದು ಸವೆದ ಪಟ್ಟಿಯಿತ್ತು, ಅದು ಕಡಿವಾಣ ಉಜ್ಜಿ ಆದದ್ದು ಎಂದು ವಾದ. 2021ರಲ್ಲಿ ಇನ್ನಿಬ್ಬರು ಉತ್ತರ ಅಮೆರಿಕದ ಹಿಮಯುಗದ ಕುದುರೆಗಳ ಹಲ್ಲುಗಳನ್ನು ಪಕ್ಕಕ್ಕಿಟ್ಟು ನೋಡಿದರು. ಮನುಷ್ಯ ಲಗಾಮು ಕಂಡುಹಿಡಿಯುವ ಎಷ್ಟೋ ಮೊದಲೇ ಸತ್ತ ಆ ಕುದುರೆಗಳ ಹಲ್ಲಿನಲ್ಲೂ ಅಂಥದೇ ಸವೆತ! ಮಡಕೆ ಚೂರುಗಳಲ್ಲಿ ಸಿಕ್ಕ ಹಾಲಿನ ಜಿಡ್ಡು ಎಂಬ ಇನ್ನೊಂದು ಸಾಕ್ಷಿಯ ಪಾಟೀಸವಾಲು ಇನ್ನೂ ಮುಗಿದಿಲ್ಲ. ಒಂದು ಇಡೀ ಕುಲದ ಮಾನ ಎಂದೋ ಸತ್ತ ಕುದುರೆಯ ಬಾಯೊಳಗಿದೆ. ವಿಜ್ಞಾನಿಗಳನ್ನು ಬೈಯಲಾರೆ, ಪ್ರಶ್ನೆ ಕೇಳುವುದೇ ಅವರ ಕೆಲಸ. ಪ್ರತಿ ಪ್ರಶ್ನೆಗೂ ಬೋರ್ಡು ಬದಲಾಯಿಸುವವರನ್ನು ಕಂಡರೆ ಮಾತ್ರ ಮೈ ಉರಿಯುತ್ತದೆ.

ಇನ್ನು ಹೆಸರಿನ ಕಥೆ. ಮಂಗೋಲರು ಇದನ್ನು ತಾಖಿ ಎನ್ನುತ್ತಾರೆ. ಎರಡೇ ಅಕ್ಷರ, ಯಾರ ಬಾಯಿಗೂ ತೊಂದರೆಯಿಲ್ಲ. ಇಷ್ಟು ಸುಲಭವಾದ ಹೆಸರು ವಿಜ್ಞಾನಕ್ಕೆ ಒಗ್ಗುವುದುಂಟೇ? ಪ್ರ್ಜೆವಾಲ್ಸ್ಕಿ ಎಂಬ ರಷ್ಯದ ಸೇನಾಧಿಕಾರಿಗೆ ಯಾರೋ ಒಂದು ತಲೆಬುರುಡೆ, ಒಂದು ಚರ್ಮ ಉಡುಗೊರೆ ಕೊಟ್ಟರು. 1881ರಲ್ಲಿ ಪೋಲ್ಯಾಕೋವ್ ಎಂಬ ಪ್ರಾಣಿಶಾಸ್ತ್ರಜ್ಞ ಅವನ್ನು ಪರೀಕ್ಷಿಸಿ ಕುದುರೆಗೆ ಆ ಅಧಿಕಾರಿಯ ಹೆಸರನ್ನೇ ಇಟ್ಟ. ತಲೆತಲಾಂತರದಿಂದ ಕುದುರೆಯ ಪಕ್ಕದಲ್ಲೇ ಬದುಕಿದವರದು ಬರೀ ಅಡ್ಡಹೆಸರು, ಉಡುಗೊರೆ ಇಸಕೊಂಡವನದು ಶಾಸ್ತ್ರೀಯ ನಾಮಧೇಯ. ಇದನ್ನು ಸರಿಯಾಗಿ ಉಚ್ಚರಿಸಬೇಕಾದರೆ ಕಡಿವಾಣ ನಮ್ಮ ಬಾಯಿಗೇ ಬೇಕು.

ಇದಕ್ಕಿಂತ ಸೊಗಸಾದದ್ದು ಸಾಕುಕುದುರೆಯ ಪೂರ್ವಜರ ಪಾಡು. ಜೀವಿಗಳಿಗೆ ಶಾಸ್ತ್ರೀಯ ಹೆಸರಿಡುವ ಪದ್ಧತಿ ತಂದ ಲಿನೇಯಸ್ 1758ರಲ್ಲೇ ಲಾಯದ ಕುದುರೆಯನ್ನು ಈಕ್ವಸ್ ಕಬಾಲಸ್ ಎಂದು ಬರೆದುಕೊಂಡ. ಕಾಡುಕುದುರೆಯ ಸರದಿ ಬಂದದ್ದು 1785ರಲ್ಲಿ. ಗ್ಮೆಲಿನ್ ಎಂಬಾತ 1769ರಲ್ಲಿ ರಷ್ಯದ ವೊರೊನೆಜ್ ಸೀಮೆಯಲ್ಲಿ ಕಂಡು ಬರೆದಿಟ್ಟಿದ್ದ ವರ್ಣನೆಯ ಮೇಲೆ ಬೊಡ್ಡಾರ್ಟ್ ಎಂಬ ಡಚ್ ವೈದ್ಯ ಅದಕ್ಕೆ ಈಕ್ವಸ್ ಫೆರಸ್ ಎಂದು ಹೆಸರಿಟ್ಟ. ಮೊದಲು ಇಟ್ಟ ಹೆಸರೇ ಊರ್ಜಿತ ಎಂಬುದು ನಿಯಮ. ಹೀಗಾಗಿ ಮಗನ ಜನನ ಪತ್ರ ಮೊದಲು ಆಗಿ, 27 ವರ್ಷದ ಮೇಲೆ ಅಪ್ಪನದು ಆಯಿತು. ಕಚೇರಿ ಲೆಕ್ಕದಲ್ಲಿ ಅಪ್ಪನೇ ಕಿರಿಯ. ಈ ತೊಡಕು ಬಿಡಿಸಲು ಅಂತರರಾಷ್ಟ್ರೀಯ ಪ್ರಾಣಿನಾಮಕರಣ ಆಯೋಗ 2003ರವರೆಗೆ ಸಮಯ ತೆಗೆದುಕೊಂಡಿತು. ಕುದುರೆ, ಒಂಟೆ, ಕಾಡುಕೋಣ ಸೇರಿದಂತೆ 17 ಕಾಡುಪ್ರಾಣಿಗಳ ಹೆಸರು ತಡವಾಗಿ ಬಂದಿದ್ದರೂ ಊರ್ಜಿತವೇ ಎಂದು ಅಪ್ಪಣೆಯಾಯಿತು. ಆ ಆದೇಶದ ಕ್ರಮಸಂಖ್ಯೆ 2027. ಅದಕ್ಕೂ ಮೊದಲು ಇಂಥ ಎಷ್ಟು ತಕರಾರು ತೀರ್ಮಾನವಾಗಿರಬೇಕು ಎಂದು ನೀವೇ ಲೆಕ್ಕ ಹಾಕಿ.

ತೊಡಕು ಬಿಟ್ಟಿತೇ? ಅದೊಂದು ಕೇಳಬೇಡಿ. ಕಬಾಲಸ್ ಎಂಬ ಹೆಸರೂ ರದ್ದಾಗಲಿಲ್ಲ. ಹಾಗಾಗಿ ಸಾಕುಕುದುರೆ ಒಂದು ಪುಸ್ತಕದಲ್ಲಿ ಸ್ವತಂತ್ರ ಪ್ರಭೇದ, ಇನ್ನೊಂದರಲ್ಲಿ ಕಾಡುಕುದುರೆಯ ಉಪಪ್ರಭೇದ. ತಾಖಿಯನ್ನು ಕೆಲವರು ಬೇರೆ ಪ್ರಭೇದ ಎಂದರು, ಕೆಲವರು ಫೆರಸ್ ಮನೆಗೆ ಸೇರಿಸಿದರು, ಮತ್ತೆ ಕೆಲವರು ಕಬಾಲಸ್ ಮನೆಗೆ. ತಾಖಿಗೆ 66 ವರ್ಣತಂತುಗಳು, ಸಾಕುಕುದುರೆಗೆ 64. ಎರಡೂ ಕೂಡಿದರೆ 65 ವರ್ಣತಂತುಗಳ ಮರಿ ಹುಟ್ಟುತ್ತದೆ, ಅದಕ್ಕೂ ಮರಿಗಳಾಗುತ್ತವೆ. ಆಯೋಗದ ಆದೇಶವನ್ನು ಕುದುರೆಗಳು ಓದಿದಂತಿಲ್ಲ.

ಲಾಯದೊಳಗಿನ ವರ್ಗೀಕರಣವಾದರೂ ನೆಟ್ಟಗಿದೆಯೇ ಎಂದು ಇಣುಕಿದರೆ ಅಲ್ಲಿ ಇನ್ನೂ ಚಂದ. 14.2 ಹ್ಯಾಂಡಿಗಿಂತ ಗಿಡ್ಡವಾದದ್ದು ಪೋನಿ. ಒಂದು ಹ್ಯಾಂಡ್ ಎಂದರೆ ನಾಲ್ಕು ಇಂಚು, ಚುಕ್ಕಿಯ ಆಚೆಗಿನದು ದಶಮಾಂಶವಲ್ಲ, ಇಂಚು, 14.3 ಆದ ಮೇಲೆ ಬರುವುದು 15. ಆದರೆ ಪೋಲೊ ಆಡುವ ಕುದುರೆ ಎಷ್ಟೇ ಎತ್ತರವಿದ್ದರೂ ಪೋನಿ. ಮೇಜಿನಷ್ಟು ಎತ್ತರದ ಮಿನಿಯೇಚರ್ ಎಂಬ ಕುಳ್ಳ ತಳಿ ಮಾತ್ರ ಕುದುರೆ! ಕಣ್ಣಿಗೆ ಬೆಳ್ಳಗೆ ಕಾಣುವ ಕುದುರೆ ಬಹುಪಾಲು ದಾಖಲೆಯಲ್ಲಿ ಬೂದು. ಅರಬ್ಬಿ ಕುದುರೆಯದು ಬಿಸಿರಕ್ತ, ಭಾರ ಎಳೆಯುವ ಕುದುರೆಯದು ತಣ್ಣನೆಯ ರಕ್ತ, ಎರಡರ ನಡುವಿನದು ಬೆಚ್ಚನೆಯ ರಕ್ತ. ಥರ್ಮಾಮೀಟರ್ ಇಟ್ಟರೆ ಎಲ್ಲಕ್ಕೂ 38 ಡಿಗ್ರಿ ಆಸುಪಾಸು. ದಾಖಲೆಯ ಪ್ರಕಾರ ಉತ್ತರಗೋಳದ ರೇಸ್ ಕುದುರೆಗಳೆಲ್ಲ ಹುಟ್ಟಿದ್ದು ಜನವರಿ 1ರಂದು, ಆಸ್ಟ್ರೇಲಿಯ, ನ್ಯೂಜಿಲೆಂಡಿನವು ಆಗಸ್ಟ್ 1ರಂದು. ಡಿಸೆಂಬರ್ 31ರ ರಾತ್ರಿ ಹುಟ್ಟಿದ ಮರಿಗೆ ಬೆಳಗಾಗುವಷ್ಟರಲ್ಲಿ ಒಂದು ವರ್ಷ. ಹಾಗಾಗಿ ಯಾವ ಮಾಲೀಕನೂ ಡಿಸೆಂಬರ್‌ನಲ್ಲಿ ಮರಿ ಹುಟ್ಟಲು ಬಿಡುವುದಿಲ್ಲ, ಬಿಡಿ.

ಇವು ನಿರುಪದ್ರವಿ ಹುಚ್ಚುಗಳು. ನಗಬಹುದು. ಕಾಡು, ಸಾಕು ಎಂಬೆರಡರ ನಡುವೆ ಇರುವ ಮೂರನೆಯ ಖಾನೆಗೆ ಬಂದರೆ ನಗು ಬರುವುದಿಲ್ಲ. ಸಾಕಿದ್ದು ತಪ್ಪಿಸಿಕೊಂಡು ಕಾಡು ಸೇರಿದರೆ ಅದು ಫೆರಲ್. ಅಮೆರಿಕದ ಮಸ್ಟಾಂಗ್, ಆಸ್ಟ್ರೇಲಿಯದ ಬ್ರಂಬಿ ಇದೇ ಖಾನೆಯವು. ತಾಖಿಯನ್ನು ನೋಡಿ. ಕಾಡಿನಲ್ಲಿ ಕೊನೆಯದಾಗಿ ಕಂಡದ್ದು 1969ರಲ್ಲಿ. ಆಮೇಲೆ ಉಳಿದವೆಲ್ಲ ಮೃಗಾಲಯದ ಬೇಲಿಯೊಳಗಿದ್ದವು, 1959ರಿಂದ ಪ್ರಾಗ್‌ನಲ್ಲಿ ಇವುಗಳ ವಂಶಾವಳಿ ಬರೆದಿಡುತ್ತಿದ್ದಾರೆ, 1992ರಿಂದ ಮತ್ತೆ ಬಯಲಿಗೆ ಬಿಟ್ಟರು. ಅದು ಕಾಡುಕುದುರೆ. ಮಸ್ಟಾಂಗ್ ತಲೆಮಾರುಗಳಿಂದ ಬಟಾಬಯಲಲ್ಲೇ ಹುಟ್ಟಿ ಬಟಾಬಯಲಲ್ಲೇ ಸಾಯುತ್ತಿದೆ. ಅದು ತಪ್ಪಿಸಿಕೊಂಡ ಸಾಕುಕುದುರೆ. ಕುದುರೆ ಕುಲ ಹುಟ್ಟಿದ್ದೇ ಉತ್ತರ ಅಮೆರಿಕದಲ್ಲಿ, ಅಲ್ಲಿ ಅಳಿದು, ಸ್ಪೇನಿನವರ ಹಡಗು ಹತ್ತಿ ಹಿಂತಿರುಗಿತು. ಅದು ತವರಿಗೆ ಬಂದದ್ದೋ, ಪರದೇಶಿಯೋ? ಒಬ್ಬೊಬ್ಬರದು ಒಂದೊಂದು ಉತ್ತರ.

ಆಸ್ಟ್ರೇಲಿಯದ ನ್ಯೂ ಸೌತ್ ವೇಲ್ಸ್ 2018ರಲ್ಲಿ ಕಾಯ್ದೆ ಮಾಡಿ ಕೊಸಿಯುಸ್ಕೊ ಬೆಟ್ಟಗಳ ಬ್ರಂಬಿಗಳನ್ನು ಪರಂಪರೆ ಎಂದು ಕರೆಯಿತು. 2023ರಲ್ಲಿ ಅದೇ ಪರಂಪರೆಯ ಮೇಲೆ ಹೆಲಿಕಾಪ್ಟರ್‌ನಿಂದ ಗುಂಡು ಹಾರಿಸಲು ಒಪ್ಪಿಗೆ ಕೊಟ್ಟಿತು. ಬೆಟ್ಟದ ಜೌಗನ್ನು ಅವು ತುಳಿದು ಹಾಳುಮಾಡುತ್ತಿರುವುದು ಸುಳ್ಳಲ್ಲ, ಸಂಖ್ಯೆ ತಗ್ಗಿಸಬೇಕಾದದ್ದೂ ಹೌದು. ಹಾಗಿದ್ದರೆ ಐದು ವರ್ಷ ಆ ಬಿರುದು ಯಾರ ಸುಖಕ್ಕೆ ಕೊಟ್ಟಿರಿ?

ಅಮೆರಿಕದವರು ಇನ್ನೂ ಜಾಣರು. 1971ರ ಕಾಯ್ದೆಯಲ್ಲಿ ಮಸ್ಟಾಂಗ್ ಕಾಡುಕುದುರೆ, ದೇಶದ ಪಶ್ಚಿಮ ಸೀಮೆಯ ಚೈತನ್ಯದ ಜೀವಂತ ಸಂಕೇತ. ಸಂಕೇತ ಹೆಚ್ಚಾದಾಗ ಹೆಲಿಕಾಪ್ಟರ್‌ನಲ್ಲಿ ಅಟ್ಟಿ ದೊಡ್ಡಿಗೆ ತುಂಬುತ್ತಾರೆ. ಅಂಥ ದೊಡ್ಡಿಗಳಲ್ಲಿ ಹತ್ತಾರು ಸಾವಿರ ಕುದುರೆಗಳಿವೆ. ಹಿಡಿದದ್ದಕ್ಕೆ ಕತ್ತಿನ ಎಡಬದಿಯಲ್ಲಿ ಕೊರೆಯುವಷ್ಟು ತಣ್ಣಗಿನ ಲೋಹದ ಮುದ್ರೆ ಒತ್ತುತ್ತಾರೆ. ಅಲ್ಲಿ ಕೂದಲು ಬೆಳ್ಳಗೆ ಬೆಳೆದು ಹುಟ್ಟಿದ ವರ್ಷ, ನೋಂದಣಿ ಸಂಖ್ಯೆ ಎದ್ದು ಕಾಣುತ್ತವೆ. ದತ್ತು ತೆಗೆದುಕೊಂಡವರು ಒಂದು ವರ್ಷ ಸಾಕಿದರೆ ಮಾಲೀಕತ್ವದ ಪತ್ರ ಸಿಗುತ್ತದೆ. ಪತ್ರ ಕೈಸೇರಿದ ಕ್ಷಣ ಆ ಕುದುರೆ ಕಾನೂನಿನ ಕಣ್ಣಲ್ಲಿ ಕಾಡಿನದಲ್ಲ. ಕಾಡುಕುದುರೆಯನ್ನು ಬೋತಾಯ್ ಜನ ಸಾಕುಕುದುರೆ ಮಾಡಿದರೋ ಇಲ್ಲವೋ ಎಂದು ವರ್ಷಗಟ್ಟಲೆ ಹಲ್ಲು ಎಣಿಸುತ್ತಿದ್ದಾರಲ್ಲ, ಆ ಕೆಲಸವನ್ನು ಇಲ್ಲಿ ಗುಮಾಸ್ತರು ಹನ್ನೆರಡು ತಿಂಗಳಲ್ಲಿ ಮುಗಿಸುತ್ತಾರೆ.

2019ರಿಂದ ದತ್ತು ಪಡೆದವರಿಗೆ 1,000 ಡಾಲರ್ ಪ್ರೋತ್ಸಾಹಧನವನ್ನೂ ಕೊಟ್ಟರು. ಹಣ ಬಂತು, ಪತ್ರ ಬಂತು, ಕೆಲವರು ಕುದುರೆಯನ್ನು ನೇರ ಹರಾಜುಕಟ್ಟೆಗೆ ಹೊಡೆದರು. 2021ರಲ್ಲಿ ಅದು ಪತ್ರಿಕೆಗಳಲ್ಲಿ ಬಯಲಾಯಿತು. ಅಮೆರಿಕದ ಕುದುರೆ ಕಸಾಯಿಖಾನೆಗಳು 2007ರಲ್ಲೇ ಮುಚ್ಚಿವೆ. ಮೆಕ್ಸಿಕೊ, ಕೆನಡಾದವು ಮುಚ್ಚಿರಲಿಲ್ಲ, ಲಾರಿಗಳು ಅತ್ತ ಹೋಗುತ್ತಿದ್ದವು.