ಕ್ಯೋಟೊಗೆ ಹೋಗಿ ಅಕ್ಕಿ ತೊಳೆದು ಬಂದೆ

ಜಪಾನಿಗೆ ಹೊರಟಿರುವ ಗೆಳೆಯರೊಬ್ಬರು ಮೊನ್ನೆ ಫೋನ್ ಮಾಡಿ, ಅಲ್ಲಿ ಅಡುಗೆ ಕ್ಲಾಸಿಗೆ ಸೇರಿದರೆ ದುಡ್ಡು ದಂಡವೇ ಎಂದು ಕೇಳಿದರು. ಒಂದಕ್ಕೆ ಸೇರಿ ದಂಡ ತೆತ್ತು, ಇನ್ನೊಂದಕ್ಕೆ ಸೇರಿ ಋಣಿಯಾಗಿ ಬಂದವನು ನಾನು. ಫೋನಿನಲ್ಲಿ ಮುಗಿಯುವ ಮಾತಲ್ಲವಾದ್ದರಿಂದ ಇಲ್ಲಿ ಬರೆಯುತ್ತಿದ್ದೇನೆ.

ದಂಡದ ಕಥೆ ಚಿಕ್ಕದು. ಟೋಕಿಯೊದಲ್ಲಿ ಒಂದೂವರೆ ಗಂಟೆಯ ಸುಶಿ ಕ್ಲಾಸು. ಹದಿನಾಲ್ಕು ಪ್ರವಾಸಿಗರು, ಹದಿನಾಲ್ಕು ಏಪ್ರನ್, ತಲೆಗೆ ಕಟ್ಟಿಕೊಳ್ಳಲು ಹದಿನಾಲ್ಕು ಪಟ್ಟಿ. ನಾವು ಹೋಗುವಷ್ಟರಲ್ಲಿ ಅನ್ನ ಬೆಂದಿತ್ತು, ಅದಕ್ಕೆ ವಿನಿಗರ್ ಕಲಸಿಯೂ ಆಗಿತ್ತು. ಸೌತೆಕಾಯಿ, ಬೆಣ್ಣೆಹಣ್ಣು ಎಲ್ಲವನ್ನೂ ಒಂದೇ ಅಳತೆಗೆ ಹೆಚ್ಚಿ ಪುಟ್ಟ ಬಟ್ಟಲುಗಳಲ್ಲಿ ಇಟ್ಟಿದ್ದರು. ನೋರಿ ಎನ್ನುವ ಕಡಲಪಾಚಿಯ ಹಾಳೆಯ ಮೇಲೆ ಅನ್ನ ಹರಡಿ, ಬಿದಿರಿನ ಚಾಪೆಯಲ್ಲಿ ಸುತ್ತುವುದಷ್ಟೇ ನಮ್ಮ ಪಾಲಿಗೆ ಉಳಿದ ಕೆಲಸ. ಮದುವೆಮನೆಯಲ್ಲಿ ಅಡುಗೆಯೆಲ್ಲ ಆದ ಮೇಲೆ ಬಂದು, ಕೊಪ್ಪರಿಗೆಗೆ ಸೌಟು ಇಳಿಬಿಟ್ಟು ಫೋಟೊ ತೆಗೆಸಿಕೊಳ್ಳುವ ಬೀಗರಂತೆ ನಾವು ನಿಂತಿದ್ದೆವು. ಕೊನೆಯಲ್ಲಿ ಲ್ಯಾಮಿನೇಟ್ ಮಾಡಿದ ಸರ್ಟಿಫಿಕೇಟ್ ಬೇರೆ! ಅದು ಈಗ ನಮ್ಮ ಫ್ರಿಜ್ಜಿನ ಬಾಗಿಲ ಮೇಲಿದೆ. ಬಂದವರೆಲ್ಲ ಓದುತ್ತಾರೆ, ಒಬ್ಬರೂ ನಂಬುವುದಿಲ್ಲ. ಮಕ್ಕಳನ್ನು ಕರೆದುಕೊಂಡು ಹೋಗುವವರಿಗೆ ಇದೂ ಚೆನ್ನಾಗಿಯೇ ಇದ್ದೀತು. ನನಗೆ ಮಾತ್ರ ಕೈಗೆ ಅಂಟಿದ ಅನ್ನ ಬಿಟ್ಟರೆ ಬೇರೇನೂ ಗಿಟ್ಟಲಿಲ್ಲ.

ನನ್ನ ಯೋಗ್ಯತೆಯನ್ನೂ ಮೊದಲೇ ಹೇಳಿಬಿಡಬೇಕು. ಮೂವತ್ತೊಂದು ವರ್ಷ ಬ್ಯಾಂಕಿನಲ್ಲಿ ದುಡಿದು ನಿವೃತ್ತನಾದ ನನಗೆ ಅಡುಗೆಮನೆ ಎಂದರೆ ಕುಡಿದ ಕಾಫಿ ಲೋಟ ಇಟ್ಟು ಬರುವ ಜಾಗ. ತೀರ್ಥಹಳ್ಳಿಯ ಮನೆಯಲ್ಲಿ ಅಮ್ಮ ಇದ್ದಳು, ಶಿವಮೊಗ್ಗದ ಮನೆಯಲ್ಲಿ ಹೆಂಡತಿ. ಕುಕ್ಕರ್ ಎಷ್ಟು ಸಲ ಕೂಗಿದರೆ ಅನ್ನ ಆಗುತ್ತದೆ ಎನ್ನುವುದನ್ನು ಕೂಡ ಲೆಕ್ಕ ಇಟ್ಟವನಲ್ಲ.

ಎರಡನೆಯ ಕ್ಲಾಸನ್ನು ಗೊತ್ತುಮಾಡಿದವಳು ಮಗಳು. ಒಸಾಕಾದಲ್ಲಿ ಕೆಲಸದಲ್ಲಿದ್ದಾಳೆ, ಅಲ್ಲಿಂದ ಕ್ಯೋಟೊಗೆ ರೈಲಿನಲ್ಲಿ ಅರ್ಧ ಗಂಟೆ. ಜುಲೈ ತಿಂಗಳು, ಊರ ತುಂಬ ಗಿಯೊನ್ ಹಬ್ಬದ ಗೌಜು, ಬೆನ್ನಿಗೆ ಅಂಗಿ ಅಂಟುವಂಥ ಸೆಕೆ. ಎಪ್ಪತ್ತರ ಆಸುಪಾಸಿನ ಒಬ್ಬ ಹೆಂಗಸು ತಮ್ಮ ಮನೆಯಲ್ಲೇ ನಡೆಸುವ ಕ್ಲಾಸದು. ನಾವು ಮೂವರು, ಆಸ್ಟ್ರೇಲಿಯಾದ ಒಬ್ಬ ಹುಡುಗ. ಸೆನ್ಸೇ, ಅಂದರೆ ಮೇಡಂ, ಜಪಾನಿ ಬಿಟ್ಟು ಬೇರೆ ಮಾತಾಡುವವರಲ್ಲ. ಮಗಳೇ ದುಭಾಷಿ.

ಹೋದ ತಕ್ಷಣ ನನ್ನ ಮುಂದೆ ಒಂದು ಬೋಗುಣಿಯಲ್ಲಿ ಅಕ್ಕಿ ಇಟ್ಟು, ತೊಳೆಯಿರಿ ಎಂದರು. ತೊಳೆದೆ. ನೋಡಿದರು, ತಲೆ ಆಡಿಸಿದರು, ಇನ್ನೊಮ್ಮೆ ಎಂದರು. ಮೊದಲ ನೀರನ್ನು ಹಾಕಿದ ಕೂಡಲೇ ಚೆಲ್ಲಬೇಕಂತೆ, ನಿಲ್ಲಲು ಬಿಟ್ಟರೆ ಒಣಗಿದ ಅಕ್ಕಿ ಆ ತೌಡಿನ ವಾಸನೆಯನ್ನೇ ಹೀರಿಕೊಳ್ಳುತ್ತದೆ. ಆಮೇಲೆ ನೀರಿಲ್ಲದ ಅಕ್ಕಿಯನ್ನು ಬೆರಳು ಮಡಚಿ, ಚೆಂಡು ಹಿಡಿದಂತೆ ಕೈ ಮಾಡಿ, ಒಂದೇ ದಿಕ್ಕಿಗೆ ಮೆಲ್ಲಗೆ ತಿರುಗಿಸಬೇಕು. ಉಜ್ಜಿದರೆ ಕಾಳು ಮುರಿಯುತ್ತದೆ. ಮತ್ತೆ ನೀರು, ಮತ್ತೆ ತಿರುಗಿಸುವುದು. ನಾಲ್ಕನೆಯ ನೀರಿಗೆ ಸೆನ್ಸೇ ಹೂಂ ಎಂದರು. ಸಾಲದ ಅರ್ಜಿಗಳನ್ನು ಮೂರು ಸಲ ವಾಪಸು ಕಳಿಸುತ್ತಿದ್ದ ಕಾಲದಲ್ಲಿ ಗಿರಾಕಿಗಳ ಮುಖ ಹೇಗಿರುತ್ತಿತ್ತು ಎನ್ನುವುದು ಆಗ ನೆನಪಾಯಿತು.

ತೊಳೆದ ನೀರನ್ನು ಚರಂಡಿಗೆ ಸುರಿಯಲು ಹೋದೆ, ತಡೆದರು. ಎರಡನೆಯ ನೀರಿನಿಂದಾಚೆಗಿನದನ್ನು ಒಂದು ಪಾತ್ರೆಯಲ್ಲಿ ಎತ್ತಿಟ್ಟರು. ಮೂಲಂಗಿ ಬೇಯಿಸಲು ಬೇಕಂತೆ, ಕಹಿ ಎಳೆಯುತ್ತದೆ. ನನ್ನ ಹೆಂಡತಿ, "ಕಲಗಚ್ಚು ಇಲ್ಲೂ ದಂಡ ಮಾಡುವುದಿಲ್ಲ ನೋಡಿ" ಎಂದಳು. ಈ ಮಾತನ್ನು ಮಗಳು ಅವರಿಗೆ ಹೇಗೋ ದಾಟಿಸಿದಳು. ಆಗ ಸೆನ್ಸೇ ಡೋಗೆನ್ ಹೆಸರೆತ್ತಿದರು. ಜಪಾನಿನ ಬೌದ್ಧರಲ್ಲಿ ಸೋತೊ ಝೆನ್ ಪಂಥ ಕಟ್ಟಿದ ಗುರು ಡೋಗೆನ್ 1237ರಲ್ಲಿ ಮಠದ ಅಡುಗೆಯವನಿಗೆಂದೇ ಒಂದು ಗ್ರಂಥ ಬರೆದಿದ್ದಾನೆ. ಅಕ್ಕಿಯನ್ನು ಸ್ವಂತ ಕೈಯಿಂದ ತೊಳೆಯಬೇಕು, ಮರಳು ಆರಿಸುವಾಗ ಒಂದು ಕಾಳೂ ಹೊರಗೆ ಹೋಗಬಾರದು, ತೊಳೆದ ಬಿಳಿ ನೀರನ್ನೂ ಸುಮ್ಮನೆ ಚೆಲ್ಲಬಾರದು ಎಂದೆಲ್ಲ ಅದರಲ್ಲಿದೆ. ಮಠದಲ್ಲಿ ಅಡುಗೆಯ ಹೊಣೆ ಹೊತ್ತವನಿಗೆ ತೆಂಝೊ ಎಂದು ಹೆಸರು. ಅದು ಕೈಗೆ ಸಿಕ್ಕವರಿಗೆ ಕೊಡುವ ಹುದ್ದೆಯಲ್ಲ, ಸಾಧಕರಿಗೆ ಮಾತ್ರ. ಆ ಮಠಗಳ ಅಡುಗೆಯೇ ಶೋಜಿನ್ ರ್‍ಯೋರಿ. ಮೀನು, ಮಾಂಸ ಇಲ್ಲ, ಈರುಳ್ಳಿ ಬೆಳ್ಳುಳ್ಳಿಯೂ ಇಲ್ಲ. ಇದನ್ನು ಕೇಳಿದ ಮೇಲೆ ನನ್ನ ಹೆಂಡತಿ ಅಲ್ಲಿ ತವರಿಗೆ ಬಂದವಳಂತೆ ಓಡಾಡಿದಳು.

ಸಸ್ಯಾಹಾರಿಗಳಿಗೆ ಇಲ್ಲೊಂದು ಎಚ್ಚರಿಕೆ. ಜಪಾನಿನಲ್ಲಿ ಮೀನು ಬೇಡ ಎಂದರೆ ಸಾಲದು. ತಟ್ಟೆಯಲ್ಲಿ ಬರೀ ತರಕಾರಿ ಕಂಡರೂ ಅದು ಬೆಂದ ನೀರು ದಾಶಿ. ದಾಶಿ ಎಂದರೆ ಸಾಮಾನ್ಯವಾಗಿ ಕೊಂಬು ಎನ್ನುವ ಕಡಲಪಾಚಿ ಮತ್ತು ಕತ್ಸುಒಬುಶಿ, ಅಂದರೆ ಹೊಗೆಯಲ್ಲಿ ಒಣಗಿಸಿ ಕಟ್ಟಿಗೆಯಂತಾದ ಮೀನನ್ನು ಹೆರೆದ ಚಕ್ಕೆ. ಮಿಸೊ ಎನ್ನುವ ಹುದುಗಿಸಿದ ಸೋಯಾ ಮುದ್ದೆಯ ಸಾರು, ಉಡೊನ್ ನೂಡಲ್ಸ್, ಪಲ್ಯ, ಎಲ್ಲದರ ಬುಡದಲ್ಲೂ ಇದೇ ಇರುತ್ತದೆ. ಕ್ಲಾಸು ಗೊತ್ತುಮಾಡುವಾಗಲೇ ದಾಶಿಯಲ್ಲಿಯೂ ಮೀನು ಇರಬಾರದು ಎಂದು ಬಿಡಿಸಿ ಬರೆಯಬೇಕು. ಮಗಳು ಬರೆದಿದ್ದಳು. ಹಾಗಾಗಿ ಸೆನ್ಸೇ ಹಿಂದಿನ ರಾತ್ರಿಯೇ ಎರಡು ಜಾಡಿಗಳಲ್ಲಿ ನೀರು ತುಂಬಿ, ಒಂದರಲ್ಲಿ ಕೊಂಬು, ಇನ್ನೊಂದರಲ್ಲಿ ಒಣಗಿದ ಶೀತಾಕೆ ಅಣಬೆ ನೆನೆಹಾಕಿದ್ದರು.

ಮೂರು ಪುಟ್ಟ ಬಟ್ಟಲು ಕೊಟ್ಟರು. ಮೊದಲನೆಯದು ಕೊಂಬು ನೀರು: ಸಪ್ಪೆ, ಕೊನೆಯಲ್ಲಿ ಸ್ವಲ್ಪ ಸಮುದ್ರ. ಎರಡನೆಯದು ಅಣಬೆ ನೀರು: ಮಳೆಗಾಲದ ಕಾಡಿನ ವಾಸನೆ, ತುಸು ಒಗರು. ಮೂರನೆಯದು ಎರಡನ್ನೂ ಬೆರೆಸಿದ್ದು. ಉಪ್ಪಿಲ್ಲ, ಹುಳಿಯಿಲ್ಲ, ಖಾರವಿಲ್ಲ, ಒಗ್ಗರಣೆಯ ಮಾತೇ ಇಲ್ಲ. ಆದರೂ ಬಾಯಿ ತುಂಬಿತು. ಸಾರು ಎಂದರೆ ಇಂಗು ಸಾಸಿವೆ ಚಟಗುಟ್ಟಲೇಬೇಕು ಎಂದುಕೊಂಡಿದ್ದ ನಾಲಿಗೆ ಒಂದು ಗಳಿಗೆ ಮೂಕವಾಯಿತು.

ಇದರ ಗುಟ್ಟನ್ನು ಬಿಡಿಸಿದವನೂ ಕ್ಯೋಟೊದಲ್ಲೇ ಹುಟ್ಟಿದವನು, ಇಕೆದಾ ಕಿಕುನಾಎ. ಟೋಕಿಯೊದ ಇಂಪೀರಿಯಲ್ ವಿಶ್ವವಿದ್ಯಾಲಯದಲ್ಲಿ ರಸಾಯನಶಾಸ್ತ್ರದ ಪ್ರಾಧ್ಯಾಪಕ. 1908ರಲ್ಲಿ ಕೊಂಬುವಿನ ರುಚಿಯ ಮೂಲ ಗ್ಲುಟಮೇಟ್ ಎಂದು ತೋರಿಸಿ, ಆ ರುಚಿಗೆ ಉಮಾಮಿ ಎಂದು ಹೆಸರಿಟ್ಟ. ಮರುವರ್ಷವೇ ಅದು ಅಜಿನೊಮೊಟೊ ಆಗಿ ಅಂಗಡಿಗೆ ಬಂತು. ಹೌದು, ನಮ್ಮ ಗೋಬಿ ಮಂಚೂರಿ ಗಾಡಿಯ ಆ ಬಿಳಿ ಹರಳೇ! ಶಿವಮೊಗ್ಗದ ಗೋಪಿ ಸರ್ಕಲ್ಲಿನ ಗಾಡಿಗೂ ಕ್ಯೋಟೊದ ಮಠದ ಸಾರಿಗೂ ಇಂಥ ನೆಂಟಸ್ತಿಕೆ ಇದೆ ಎಂದು ಯಾರಿಗೆ ಗೊತ್ತಿತ್ತು? ಒಣ ಅಣಬೆಯಲ್ಲಿರುವುದು ಗ್ವಾನಿಲೇಟ್ ಎನ್ನುವ ಇನ್ನೊಂದು ರುಚಿಯ ವಸ್ತು. ಇವೆರಡು ಸೇರಿದರೆ ರುಚಿ ಕೂಡಿಕೆಯ ಲೆಕ್ಕ ಬಿಟ್ಟು ಗುಣಾಕಾರಕ್ಕೆ ಹೋಗುತ್ತದೆ ಎನ್ನುವುದನ್ನು ಆಮೇಲೆ ಕುನಿನಾಕ ಅಕಿರ ಎನ್ನುವ ಜಪಾನಿ ವಿಜ್ಞಾನಿ ಕಂಡುಕೊಂಡ. ಮಠದ ಅಡುಗೆಯವರು ಇದನ್ನು ನೂರಾರು ವರ್ಷ ಮೊದಲೇ ಕುದಿಸಿ ಕುಡಿಯುತ್ತಿದ್ದರು. ಕೊಂಬು ಬೆಳೆಯುವುದು ದೂರದ ಉತ್ತರದ ಹೊಕ್ಕೈದೊ ಕಡಲಿನಲ್ಲಿ. ಹಡಗಿನಲ್ಲಿ ಬಂದು, ದಡದಿಂದ ಒಳನಾಡಿನ ಕ್ಯೋಟೊಗೆ ಏರುತ್ತಿತ್ತು; ಘಟ್ಟದ ಕೆಳಗಿನ ಉಪ್ಪು ಎತ್ತಿನ ಬೆನ್ನ ಮೇಲೆ ನಮ್ಮೂರಿಗೆ ಬರುತ್ತಿದ್ದ ಹಾಗೆ.

ಅಕ್ಕಿ ಅರ್ಧ ಗಂಟೆ ನೆನೆಯಬೇಕಿತ್ತು. ಅಷ್ಟರಲ್ಲಿ ಎಳ್ಳು ಅರೆಯುವ ಕೆಲಸ. ಸುರಿಬಾಚಿ ಎಂದರೆ ಒಳಮೈಯಲ್ಲಿ ಬಾಚಣಿಗೆ ಎಳೆದಂತೆ ಗೀರುಗಳಿರುವ ಮಣ್ಣಿನ ಬೋಗುಣಿ. ಅದಕ್ಕೊಂದು ಮರದ ಕಡೆಗೋಲು. ಆಸ್ಟ್ರೇಲಿಯಾದ ಹುಡುಗ ಕುಟ್ಟಲು ಶುರುಮಾಡಿದ, ಎಳ್ಳು ಹಾರಿ ಟೇಬಲ್ಲಿನ ತುಂಬ ಚೆಲ್ಲಿತು. ನನ್ನ ಹೆಂಡತಿ ಏನೂ ಕೇಳಲಿಲ್ಲ. ಒಂದು ಒದ್ದೆ ಬಟ್ಟೆ ಮಡಚಿ ಬೋಗುಣಿಯ ಅಡಿಗಿಟ್ಟಳು. ಕೋಲಿನ ತುದಿಯನ್ನು ಎಡ ಅಂಗೈಯಲ್ಲಿ ಅಮುಕಿ ಹಿಡಿದು, ಬಲಗೈಯಿಂದ ಬುಡ ತಿರುಗಿಸತೊಡಗಿದಳು. ಸೆನ್ಸೇ ಬಾಯಿಗೆ ಕೈ ಅಡ್ಡ ಹಿಡಿದು ಏನೋ ಅಂದರು. ಮಗಳು, "ಅಮ್ಮಾ, ಎಲ್ಲಿ ಕಲಿತಿರಿ ಎಂದು ಕೇಳುತ್ತಿದ್ದಾರೆ" ಎಂದಳು. ಒರಳುಕಲ್ಲಿನ ಮುಂದೆ ಕುಳಿತು ದೋಸೆಹಿಟ್ಟು ತಿರುವಿದ ಕೈಗಳಿಗೆ ಇದನ್ನು ಬೇರೆ ಕಲಿಸಬೇಕೇ? ಆ ಕೋಲನ್ನು ಮೂಗಿನ ಹತ್ತಿರ ತಂದು, "ರೀ, ಇದು ಜುಮ್ಮನಕಾಯಿಯ ವಾಸನೆ ಅಲ್ಲವೇ?" ಎಂದು ನನ್ನನ್ನು ಕೇಳಿದಳು. ಕೋಲು ಸಾನ್‌ಶೊ ಮರದ್ದಂತೆ. ಮನೆಗೆ ಬಂದು ಹುಡುಕಿದರೆ ಸಾನ್‌ಶೊ ಮತ್ತು ಜುಮ್ಮನಕಾಯಿ ಒಂದೇ ಕುಲದ ಗಿಡಗಳು! ಮೂವತ್ತು ವರ್ಷದಿಂದ ಆ ಮೂಗನ್ನು ನಾನು ಬರೀ ನೆಗಡಿಯ ವಿಷಯಕ್ಕೆ ಗಮನಿಸಿದ್ದೆ.

ಅರೆದ ಎಳ್ಳಿಗೆ ಸೋಯಾ ಸಾಸ್, ಚಿಟಿಕೆ ಸಕ್ಕರೆ, ಬೇಯಿಸಿದ ಹುರುಳಿಕಾಯಿ. ಕಾಮೊ ಬದನೆ ಎನ್ನುವ ಗುಂಡು ಬದನೆಗೆ ಮಿಸೊ ಸವರಿ ಸುಟ್ಟೆವು. ಆಕಾರ ನಮ್ಮ ಮಟ್ಟುಗುಳ್ಳದ್ದೇ, ಬಣ್ಣ ಮಾತ್ರ ಕಡುನೇರಳೆ.

ಅನ್ನ ಇಟ್ಟದ್ದು ದಪ್ಪ ಮಣ್ಣಿನ ಮಡಕೆಯಲ್ಲಿ. ಅದಕ್ಕೆ ಕೂಗು ಇಲ್ಲ, ಗಂಟೆ ಇಲ್ಲ, ಗಾಜಿನ ಮುಚ್ಚಳವೂ ಇಲ್ಲ. ಕಿವಿಯಿಟ್ಟು ಕೇಳಬೇಕು, ಹಬೆಯ ವಾಸನೆ ನೋಡಬೇಕು. ಸೆನ್ಸೇ ಒಂದು ಹಳೆಯ ಗಾದೆ ಹೇಳಿಕೊಟ್ಟರು: ಹಜಿಮೆ ಚೊರೊಚೊರೊ, ನಕ ಪಪ್ಪ. ಮೊದಲು ಮೆಲ್ಲಮೆಲ್ಲಗೆ, ನಡುವೆ ಭಗಭಗ, ಮಗು ಅತ್ತರೂ ಮುಚ್ಚಳ ತೆಗೆಯಬೇಡ ಎಂದು ಪೂರ್ತಿ ಗಾದೆಯ ಅರ್ಥ. ಉರಿ ಆರಿಸಿ ಐದು ನಿಮಿಷವಾಗಿತ್ತು. ಯಾವ ಮಗುವೂ ಅಳುತ್ತಿರಲಿಲ್ಲ, ಆದರೂ ನನ್ನ ಕೈ ಮುಚ್ಚಳಕ್ಕೆ ಹೋಯಿತು. ಸೆನ್ಸೇ ಮರದ ಚಮಚದಿಂದ ಬೆರಳ ಮೇಲೆ ಮೆಲ್ಲಗೆ ಒಂದು ಕೊಟ್ಟರು. ಐವತ್ತೊಂಬತ್ತನೆಯ ವಯಸ್ಸಿನಲ್ಲಿ ಮೇಷ್ಟ್ರ ಏಟು. ಇನ್ನೂ ಹತ್ತು ನಿಮಿಷ ಆ ಹಬೆಯಲ್ಲೇ ಇದ್ದರೆ ತಾನೇ ಅಗುಳಿನ ತಿರುಳಿಗೂ ಹೊರಮೈಗೂ ಒಂದೇ ಹದ ಬರುವುದು.

ಈ ಕ್ಲಾಸು ದಂಡವಲ್ಲ ಎಂದು ನಾನು ಹೇಳುವುದು ಈ ಕಾರಣಕ್ಕೆ. ತೊಳೆಯುವುದು, ಕಾಯುವುದು, ಒರೆಸುವುದು ಎಲ್ಲವನ್ನೂ ಮುಗಿಸಿಟ್ಟು ಕೊನೆಯ ಸುತ್ತನ್ನು ಮಾತ್ರ ನಮ್ಮ ಕೈಗೆ ಕೊಡುವ ಕ್ಲಾಸಿನಲ್ಲಿ ನಾವು ಅತಿಥಿಗಳು. ಅಡುಗೆ ಇರುವುದೇ ಆ ಮುಗಿಸಿಟ್ಟ ಭಾಗದಲ್ಲಿ. ಹಾಗಾಗಿ ಗೆಳೆಯರೇ, ಕ್ಲಾಸು ಆರಿಸುವಾಗ ಎಷ್ಟು ಬಗೆ ಮಾಡಿಸುತ್ತಾರೆ ಎಂದು ಕೇಳಬೇಡಿ; ಅಕ್ಕಿ ಯಾರು ತೊಳೆಯುತ್ತಾರೆ ಎಂದು ಕೇಳಿ. ದಾಶಿಯನ್ನು ಕಣ್ಣೆದುರು ಮಾಡುತ್ತಾರೋ, ಪುಡಿ ಕದಡುತ್ತಾರೋ ಕೇಳಿ. ಪಾತ್ರೆ ತೊಳೆಸುವವರಾದರೆ ಕಣ್ಣುಮುಚ್ಚಿ ಸೇರಿ. ನಮ್ಮಿಂದ ತೊಳೆಸಿದರು, ಒರೆಸಿ ಯಾವುದು ಎಲ್ಲಿತ್ತೋ ಅಲ್ಲೇ ಇಡಿಸಿದರು.

ಒಬ್ಬರಿಗೆ ಎಂಟು ಸಾವಿರ ಯೆನ್, ನಮ್ಮ ಲೆಕ್ಕದಲ್ಲಿ ನಾಲ್ಕೂವರೆ ಸಾವಿರ ರೂಪಾಯಿ. ವಾಪಸು ಬರುವಾಗ ರೈಲಿನಲ್ಲಿ ಹೆಂಡತಿ ಕಿಟಕಿ ನೋಡುತ್ತಲೇ, "ಅಕ್ಕಿ ತೊಳೆಯುವುದು ಕಲಿಯಬೇಕು ಎಂದು ಊರಲ್ಲೇ ಹೇಳಿದ್ದರೆ ನಾನು ಪುಕ್ಕಟೆ ಕಲಿಸುತ್ತಿದ್ದೆನಲ್ಲ" ಎಂದಳು. ಉತ್ತರ ಕೊಡಲು ನನ್ನ ಹತ್ತಿರ ಏನಿತ್ತು? ಮಗಳು ಮೊಬೈಲಿನಲ್ಲಿ ಮುಖ ಹುದುಗಿಸಿಕೊಂಡು ನಗುತ್ತಿದ್ದಳು.

ಸೆನ್ಸೇ ಸರ್ಟಿಫಿಕೇಟ್ ಕೊಡಲಿಲ್ಲ. ದಾಶಿ ತೆಗೆದ ಮೇಲೆ ಉಳಿದ ಕೊಂಬು ಮತ್ತು ಅಣಬೆಯನ್ನು ಸಣ್ಣಗೆ ಹೆಚ್ಚಿ, ಸೋಯಾ ಸಾಸು, ಸಕ್ಕರೆ ಹಾಕಿ ನೀರು ಬತ್ತುವವರೆಗೆ ನಮ್ಮಿಂದಲೇ ಬೇಯಿಸಿ, ಡಬ್ಬಿಗೆ ತುಂಬಿ ಕೊಟ್ಟರು. ತ್ಸುಕುದಾನಿ ಎನ್ನುತ್ತಾರೆ. ಅಂದು ರಾತ್ರಿ ಮಗಳ ಮನೆಯಲ್ಲಿ ಅಕ್ಕಿ ತೊಳೆದವನು ನಾನು, ನಾಲ್ಕು ನೀರು. ಅನ್ನಕ್ಕೆ ಮೊಸರು ಕಲಸಿಕೊಂಡು, ಮಿಡಿ ಉಪ್ಪಿನಕಾಯಿ ಮುಗಿದುಹೋಗಿದ್ದರಿಂದ ಆ ಡಬ್ಬಿಯನ್ನು ತೆರೆದೆವು. ಮೂವರೂ ಬೆರಳು ನೆಕ್ಕಿದ ಮೇಲೆ ಹೆಂಡತಿ ಡಬ್ಬಿಯ ತಳ ಬಳಿಯುತ್ತ, ಇದಕ್ಕೆ ಒಂದು ಚಮಚ ಒಗ್ಗರಣೆ ಬಿದ್ದಿದ್ದರೆ ಎಂದು ಶುರುಮಾಡಿದಳು.