ಪಂಕ್ತಿಯಿಂದ ಎಬ್ಬಿಸಿದ ಹಾಡು

ಹಾಡಿನಲ್ಲಿ ಕುದುರೆ ಇದೆ. ಬೂಟು, ಹ್ಯಾಟು, ಟ್ರ್ಯಾಕ್ಟರ್ ಎಲ್ಲ ಇವೆ. ಹಿಂದೆ ಬ್ಯಾಂಜೋ ಎಂಬ ತಂತಿವಾದ್ಯ ಟಿಣ್ ಟಿಣ್ ಅನ್ನುತ್ತಿರುತ್ತದೆ. ಇಷ್ಟಿದ್ದರೂ ಇದು ಕಂಟ್ರಿ, ಅಂದರೆ ಅಮೆರಿಕದ ಹಳ್ಳಿಗಾಡಿನ ಶೈಲಿಯ, ಹಾಡಲ್ಲ ಅಂತ 2019ರ ಮಾರ್ಚ್‌ನಲ್ಲಿ ಅಮೆರಿಕದ ಬಿಲ್‌ಬೋರ್ಡ್ ಪತ್ರಿಕೆ ತೀರ್ಪು ಕೊಟ್ಟಿತು. ಅದರ ಜನಪ್ರಿಯ ಕಂಟ್ರಿ ಹಾಡುಗಳ ಪಟ್ಟಿಯ 19ನೇ ಸ್ಥಾನದಲ್ಲಿ ತನ್ನ ಪಾಡಿಗೆ ಕೂತಿದ್ದ 'ಓಲ್ಡ್ ಟೌನ್ ರೋಡ್' ಅನ್ನು, ಎಲೆಗೆ ಉಪ್ಪು-ಉಪ್ಪಿನಕಾಯಿ ಬಿದ್ದ ಮೇಲೆ ತೋಳು ಹಿಡಿದು ಎಬ್ಬಿಸಿದ ಹಾಗೆ ಎಬ್ಬಿಸಿ ಕಳಿಸಿದರು.

ಯಾಕಪ್ಪಾ ಅಂದರೆ, ಕೌಬಾಯ್ ಕುದುರೆ ಎಲ್ಲ ಸರಿ, ಆದರೆ 'ಇವತ್ತಿನ' ಕಂಟ್ರಿ ಸಂಗೀತದ ಲಕ್ಷಣ ಸಾಲದು ಎಂದರು. ಹಾಡಿದವನ ಚರ್ಮದ ಬಣ್ಣಕ್ಕೂ ಇದಕ್ಕೂ ಸಂಬಂಧವಿಲ್ಲ ಎಂದೂ ಹೇಳಿದರು. ಲಿಲ್ ನಾಸ್ ಎಕ್ಸ್ ಕಪ್ಪು ಹುಡುಗ ಅನ್ನುವುದು ಸುಮ್ನೆ ನಮ್ಮ ಕಣ್ಣಿಗೆ ಬಿದ್ದ ವಿಷಯ, ಅಷ್ಟೇ.

ಮಡಿವಂತರ ಪರವಾಗಿಯೂ ಒಂದು ಮಾತು ಹೇಳಬೇಕು. ಈ ಹಾಡಿನ ಕುಲಗೋತ್ರ ಸ್ವಲ್ಪ ಅಡ್ಡಾದಿಡ್ಡಿಯೇ. ಹುಡುಗ ಜಾರ್ಜಿಯಾದವನು. ತಾಳ ಕಟ್ಟಿದವನು ನೆದರ್‌ಲ್ಯಾಂಡ್ಸ್‌ನವನು. ಅದನ್ನು ಇಂಟರ್ನೆಟ್ಟಿನಲ್ಲಿ 30 ಡಾಲರ್ ಕೊಟ್ಟು ಕೊಂಡದ್ದು. ಬ್ಯಾಂಜೋ ತುಣುಕನ್ನು ನೈನ್ ಇಂಚ್ ನೇಲ್ಸ್ ಎಂಬ ರಾಕ್ ತಂಡದಿಂದ ಎತ್ತಿದ್ದು. ಇಡೀ ಹಾಡು ಎರಡು ನಿಮಿಷವೂ ಇಲ್ಲ. ಚಹಾ ಕುದಿಯುವುದರೊಳಗೆ ಮುಗಿಯುತ್ತದೆ.

ಆದರೆ 'ಇವತ್ತಿನ ಲಕ್ಷಣ' ಅಂದರೇನು? ಪಿಕಪ್ ಟ್ರಕ್ಕು, ತಣ್ಣನೆ ಬಿಯರು, ಕಂಪ್ಯೂಟರಿನಲ್ಲಿ ಕುಟ್ಟಿದ ಡ್ರಮ್ಮು. ಫ್ಲಾರಿಡಾ ಜಾರ್ಜಿಯಾ ಲೈನ್ ಎಂಬ ಬಿಳಿಯ ಜೋಡಿಯ 'ಕ್ರೂಸ್' ಹಾಡಿಗೆ 2013ರಲ್ಲಿ ಕಪ್ಪು ರಾಪರ್ ನೆಲ್ಲಿಯನ್ನು ಸೇರಿಸಿ ರೀಮಿಕ್ಸ್ ಮಾಡಿದರು. ಆ ಹಾಡು ಕಂಟ್ರಿ ಪಟ್ಟಿಯಲ್ಲಿ ಒಟ್ಟು 24 ವಾರ ಮೊದಲ ಸ್ಥಾನದಲ್ಲಿತ್ತು. ಅತಿಥಿ ರಾಪರ್ ಆದರೆ ಅಡ್ಡಿಯಿಲ್ಲ. ಮನೆಯವನೇ ಎಂದು ಬಂದರೆ ಮಾತ್ರ ಕಷ್ಟ, ಅಲ್ವಾ?

ನಮ್ಮ ಹುಡುಗನೂ ಅದೇ ಉಪಾಯ ಹೂಡಿದ. ಮನೆಯವರಲ್ಲೇ ಒಬ್ಬರನ್ನು ಜೊತೆಗೆ ಕರೆದುಕೊಂಡು ಬಂದ. 2019ರ ಏಪ್ರಿಲ್‌ನಲ್ಲಿ ಬಿಲ್ಲಿ ರೇ ಸೈರಸ್ ಜೊತೆಗಿನ ಯುಗಳ ಗೀತೆ ಹೊರಬಂತು. 1992ರಲ್ಲಿ 'ಏಕಿ ಬ್ರೇಕಿ ಹಾರ್ಟ್' ಹಾಡಿ ಊರೆಲ್ಲ ಕುಣಿಸಿದ್ದ, ಅದಕ್ಕೇ ಕಂಟ್ರಿ ಪಂಡಿತರಿಂದ ಬೈಸಿಕೊಂಡೂ ಇದ್ದ ಅಸಲಿ ಬಿಳಿಯ ಕಂಟ್ರಿ ಗಾಯಕ. ತಮಾಷೆ ನೋಡಿ. ಹುಡುಗ ಕುದುರೆ ಹತ್ತಿ, ಟ್ರ್ಯಾಕ್ಟರ್ ಹತ್ತಿ ಹಾಡಿದ್ದ. ಕಂಟ್ರಿ ಯಜಮಾನರು ತಮ್ಮ ಚರಣದಲ್ಲಿ ಮಸೆರಾಟಿ ಕಾರು ಹತ್ತಿದರು. ವಜ್ರದ ಉಂಗುರ, ಫೆಂಡಿ ಒಳಉಡುಪು, ರಾಕ್‌ಸ್ಟಾರ್ ಬದುಕು ಎಲ್ಲ ತಂದರು. ಹಳ್ಳಿತನ ಸಾಲದು ಅಂದಿದ್ದ ಹಾಡಿಗೆ ಹಳ್ಳಿಯವನ ಕೊಡುಗೆ ಇದು!

ಅಷ್ಟಾದರೂ ಆ ಪಂಕ್ತಿಗೆ ಮತ್ತೆ ಕರೆಯಲಿಲ್ಲ. ಹಾಡು ಮಾತ್ರ ಎಲ್ಲ ಬಗೆಯ ಹಾಡುಗಳ ದೊಡ್ಡ ಪಟ್ಟಿಗೆ ಹೋಗಿ 19 ವಾರ ತುದಿಯಲ್ಲಿ ಕೂತಿತು. ಹಿಂದಿನ ದಾಖಲೆ 16 ವಾರ. ಆಮೇಲೆ ಶುರುವಾಯಿತು ಪ್ರಶಸ್ತಿಯವರ ಗೊಂದಲ. ಕಂಟ್ರಿ ಮ್ಯೂಸಿಕ್ ಅಸೋಸಿಯೇಷನ್‌ನವರು ವರ್ಷದ ಸಂಗೀತ ವಿಶೇಷ ಎಂದು ಪ್ರಶಸ್ತಿ ಕೊಟ್ಟರು. ಗ್ರ್ಯಾಮಿಯವರು ಪಾಪ್ ಜೋಡಿ ಎಂದು ಹಾರ ಹಾಕಿದರು. ಬಿಲ್‌ಬೋರ್ಡ್ ಹಿಪ್‌ಹಾಪ್ ಪಟ್ಟಿಯಲ್ಲಿ ಇಟ್ಟುಕೊಂಡಿತು. ಮೂರು ಮನೆ, ಮೂರು ಜಾತಿ, ಹಾಡು ಒಂದೇ.

ಇನ್ನು ಆ ಬ್ಯಾಂಜೋ. ಅದರ ಮೂಲ ಆಫ್ರಿಕಾದ್ದು. ಗುಲಾಮರಾಗಿ ಬಂದವರು ಸೋರೆ ಬುರುಡೆಗೆ ತೊಗಲು ಬಿಗಿದು ಮಾಡಿಕೊಂಡ ವಾದ್ಯ. 1920ರ ದಶಕದಲ್ಲಿ ರೆಕಾರ್ಡ್ ಕಂಪನಿಗಳು ದಕ್ಷಿಣದ ಕಪ್ಪು ಜನರ ಹಾಡಿಗೆ 'ರೇಸ್' (ಜನಾಂಗ), ಬಿಳಿಯರ ಹಾಡಿಗೆ 'ಹಿಲ್‌ಬಿಲಿ' (ಗುಡ್ಡಗಾಡಿನವರದ್ದು) ಎಂದು ಬೇರೆ ಬೇರೆ ಚೀಟಿ ಅಂಟಿಸಿ ಮಾರಿದವು. 1949ರಲ್ಲಿ ಇದೇ ಬಿಲ್‌ಬೋರ್ಡ್ ಚೀಟಿಗಳ ಹೆಸರು ಬದಲಿಸಿತು. ಬರಣಿಗಳು ಅವೇ.

2025ರ ಫೆಬ್ರವರಿಯಲ್ಲಿ ಕಪ್ಪು ಗಾಯಕಿ ಬಿಯಾನ್ಸೆಗೆ ಅತ್ಯುತ್ತಮ ಕಂಟ್ರಿ ಆಲ್ಬಂ ಗ್ರ್ಯಾಮಿ ಬಂತು. ನಾಲ್ಕು ತಿಂಗಳಿಗೆ ಗ್ರ್ಯಾಮಿಯವರು ಆ ಪ್ರಶಸ್ತಿಯನ್ನು ಎರಡು ಮಾಡಿದರು. 'ಸಮಕಾಲೀನ' ಕಂಟ್ರಿ ಒಂದು, 'ಸಾಂಪ್ರದಾಯಿಕ' ಕಂಟ್ರಿ ಇನ್ನೊಂದು. ಹಳೆಯ ಪ್ರಸ್ತಾಪ, ಈಗ ಕೈಗೂಡಿತು ಎಂದರು. ಇರಬಹುದು. ಅಂತೂ ಈಗ ಯಾರನ್ನೂ ಎಬ್ಬಿಸಬೇಕಾಗಿಲ್ಲ. ನಡುಮನೆಯಲ್ಲೊಂದು ಎಲೆ, ಜಗಲಿಯಲ್ಲೊಂದು ಎಲೆ.