ಮೂರು ಜುಟ್ಟುಗಳ ಸೇಡು

ಮನುಷ್ಯನ ಮೈಯಿಂದ ನೋವಿಲ್ಲದೆ ಕತ್ತರಿಸಬಹುದಾದದ್ದು ಉಗುರು ಮತ್ತು ಕೂದಲು. ಉಗುರಿನ ಮೇಲೆ ಯಾರೂ ಮರ್ಯಾದೆಯ ಭಾರ ಹೊರಿಸಿದಂತಿಲ್ಲ. ಕೂದಲಿಗೆ ಮಾತ್ರ ಅದು ತಪ್ಪಲಿಲ್ಲ. ಜಪಾನಿನ ಯೋಧರಾದ ಸಮುರಾಯಿಗಳಂತೂ ನೆತ್ತಿ ಬೋಳಿಸಿ, ಉಳಿದ ಕೂದಲಿಗೆ ಎಣ್ಣೆ ಹಚ್ಚಿ ಬಿಗಿದು ಮಡಿಚಿದ ಜುಟ್ಟಿನಲ್ಲಿಯೇ ತಮ್ಮ ಮಾನವನ್ನು ಗಂಟು ಕಟ್ಟಿಟ್ಟಿದ್ದರು. ಮಸಾಕಿ ಕೊಬಯಾಶಿ 1962ರಲ್ಲಿ ನಿರ್ದೇಶಿಸಿದ ‘ಹರಾಕಿರಿ’ ಚಿತ್ರ ನನಗೆ ನೆನಪಾಗುವುದು ಖಡ್ಗಗಳಿಗಿಂತ ಹೆಚ್ಚಾಗಿ ಆ ಜುಟ್ಟುಗಳಿಂದ.

ಕಥೆ 1630ರದು. ಯುದ್ಧಗಳು ಮುಗಿದು, ಒಡೆಯರನ್ನು ಕಳೆದುಕೊಂಡ ಸಮುರಾಯಿಗಳು ಎದೊ (ಇಂದಿನ ಟೋಕಿಯೊ) ನಗರದಲ್ಲಿ ಹೊಟ್ಟೆಪಾಡಿಗಾಗಿ ಅಲೆಯುತ್ತಿದ್ದ ಕಾಲ. ದೊಡ್ಡ ಮನೆಗಳ ಅಂಗಳದಲ್ಲಿ ಮಾನಕ್ಕಾಗಿ ವಿಧಿವತ್ತಾಗಿ ಹೊಟ್ಟೆ ಸೀಳಿಕೊಂಡು ಸಾಯುತ್ತೇನೆಂದು ಹೇಳಿ, ಅದು ಬೇಡವೆಂದು ಮನೆಯವರು ಕೊಡುವ ನಾಲ್ಕು ಕಾಸು ಪಡೆಯುವುದು ಕೆಲವರ ದಾರಿಯಾಗಿತ್ತು. ಹಾಗೆ ಬಂದ ಮೊತೊಮೆ ಎಂಬ ತರುಣನನ್ನು ಇಯಿ ಮನೆತನದವರು, ಆಡಿದ ಮಾತು ನಡೆಸೆಂದು ಹಿಡಿದು ಕೂರಿಸುತ್ತಾರೆ. ಅವನ ಒರೆಯಲ್ಲಿದ್ದದ್ದು ಬಿದಿರಿನ ಅಲಗು. ಉಕ್ಕಿನದನ್ನು ಅವನು ಹೆಂಡತಿ ಮಗುವಿಗಾಗಿ ಎಂದೋ ಮಾರಿದ್ದ. ಹೊಟ್ಟೆಗೆ ಹಿಟ್ಟಿಲ್ಲದೆ ಜುಟ್ಟಿಗೆ ಮಲ್ಲಿಗೆ ಮುಡಿಯುವವರ ನಡುವೆ ಈತ ಮಲ್ಲಿಗೆ ಮಾರಿ ಹಿಟ್ಟು ತಂದವನು. ಅದೇ ಬಿದಿರಿನಿಂದ ಅವನು ಸಾಯಬೇಕಾಯಿತು. ಅಳಿಯನ ಶವ ಮನೆಗೆ ಬಂದಾಗಲೇ ಮಾವ ಹನ್ಶಿರೊನಿಗೆ ವಿಷಯ ತಿಳಿಯುವುದು. ತನ್ನ ಸೊಂಟದ ಖಡ್ಗವನ್ನು ಮಾರುವ ಯೋಚನೆಯೇ ತನಗೆ ಬರಲಿಲ್ಲವಲ್ಲ ಎಂದು ಅವನು ಹಲುಬುವ ದೃಶ್ಯ, ಮುಂದಿನ ಎಲ್ಲ ಕಾಳಗಗಳಿಗಿಂತ ತೀಕ್ಷ್ಣವಾದುದೆಂದು ನನ್ನ ಎಣಿಕೆ.

ಅವನ ಸೇಡಿನ ಬಗೆಯೂ ವಿಚಿತ್ರ. ತಾನೂ ಸಾಯಲು ಬಂದಿದ್ದೇನೆಂದು ಅದೇ ಅಂಗಳದಲ್ಲಿ ಕುಳಿತು, ಹೊಟ್ಟೆ ಸೀಳಿಕೊಂಡ ಕೂಡಲೇ ತನ್ನ ತಲೆ ಕಡಿಯಲು ಇಂಥವರೇ ಬೇಕೆಂದು ಅಳಿಯನನ್ನು ಸಾವಿಗೆ ನೂಕಿದ ಇಯಿ ಮನೆತನದ ಮೂವರ ಹೆಸರನ್ನು ಒಬ್ಬೊಬ್ಬರದಾಗಿ ಹೇಳುತ್ತಾನೆ. ಮೂವರೂ ಕಾಯಿಲೆಯೆಂದು ಹೇಳಿಕಳಿಸಿ ಮನೆಯಲ್ಲಿದ್ದಾರೆ. ಬಹಳ ಹೊತ್ತಿನ ಮೇಲೆ ಅವನ ಉಡುಪಿನೊಳಗಿಂದ ಅವನು ಮೊದಲೇ ಕತ್ತರಿಸಿ ತಂದಿದ್ದ ಅವರ ಜುಟ್ಟುಗಳು ಹೊರಬಂದು ನೆಲಕ್ಕೆ ಬೀಳುತ್ತವೆ. ಕೊಂದಿದ್ದರೆ ಅವರು ವೀರರೆನಿಸಿಕೊಳ್ಳುತ್ತಿದ್ದರು. ಬದುಕಿಸಿದ್ದರಿಂದ, ಪರೀಕ್ಷೆಯ ದಿನ ಹೊಟ್ಟೆನೋವೆನ್ನುವ ಹುಡುಗರಂತೆ, ಕೂದಲು ಬೆಳೆಯುವವರೆಗೆ ಅಡಗಿ ಕೂರಬೇಕಾಯಿತು. ಸಾವಿನ ವಿಷಯದಲ್ಲಿ ಬಡವನಿಗೆ ಒಂದೆರಡು ದಿನದ ಗಡುವನ್ನೂ ಕೊಡದವರು, ತಮ್ಮ ಕೂದಲಿಗೆ ತಿಂಗಳುಗಟ್ಟಲೆ ಗಡುವು ಕೊಟ್ಟುಕೊಂಡಿದ್ದರು.

ಮೂವರಲ್ಲಿ ಒಬ್ಬ ತಾನಾಗಿಯೇ ಹೊಟ್ಟೆ ಸೀಳಿಕೊಂಡ. ಉಳಿದಿಬ್ಬರಿಗೆ ಹಾಗೆ ಮಾಡಬೇಕೆಂದು ಮನೆತನವೇ ಆಜ್ಞೆ ಕಳಿಸಿತು. ಅಂಗಳದಲ್ಲಿ ಹನ್ಶಿರೊನ ಕತ್ತಿಗೆ ಸಿಕ್ಕಿ ಸತ್ತವರ ಜೊತೆಗೆ ಈ ಮೂವರ ಸಾವನ್ನೂ ಕಾಯಿಲೆಯ ಲೆಕ್ಕಕ್ಕೇ ಸೇರಿಸಲಾಯಿತು. ರಜೆಗಾಗಿ ಹೇಳಿದ್ದ ನೆಪ ಹೀಗೆ ಮನೆತನದ ಅಧಿಕೃತ ಸತ್ಯವಾಯಿತು.